ಯಾರು ಹೇಳಿದ್ದು?

ಚಿತ್ರಕಾರ ರಾಜಾ ರವಿವರ್ಮನ ಬಗ್ಗೆ ಕನ್ನಡ ವಿಕಿಪೀಡಿಯಕ್ಕೆ ನಾನು ಬರೆದ ಒಂದು ವಾಕ್ಯದ ಕೆಳಗೆ ಯಾರೋ ಎರಡೇ ಪದ ಬರೆದಿಟ್ಟಿದ್ದರು. “ಯಾರು ಹೇಳಿದ್ದು?” ಅದನ್ನು ಓದಿ ಎಂಟು ತಿಂಗಳಾಯಿತು. ಪಾಠ ಮಾಡುವಾಗ, ಪೇಪರ್ ತಿದ್ದುವಾಗ, ರೊಟ್ಟಿ ಬಡಿಯುವಾಗ ಕೂಡ ಆ ಪ್ರಶ್ನೆ ಬಂದು ಎದುರಿಗೆ ಕೂರುತ್ತದೆ. ಹಾಗಾಗಿ ಇದನ್ನು ಒಮ್ಮೆ ಪೂರ್ತಿ ಬರೆದುಬಿಡೋಣ ಅನ್ನಿಸಿತು.

ಆ ವಾಕ್ಯ ಇದು: “ರವಿವರ್ಮ ಬರುವವರೆಗೆ ಬಡವರ ಮನೆಯಲ್ಲಿ ದೇವರ ರೂಪವೇ ಇರಲಿಲ್ಲ. ಅವರ ಅಚ್ಚುಗಳೇ ಮೊದಲ ಬಾರಿಗೆ ದೇವರನ್ನು ಜನರ ಮನೆಯೊಳಗೆ ತಂದವು.” ಬರೆದ ದಿನ ನನಗೆ ಅದು ತುಂಬಾ ಹಿಡಿಸಿತ್ತು. ಎರಡು ಸಲ ಜೋರಾಗಿ ಓದಿಕೊಂಡಿದ್ದೆ. ಇಂಥ ಮಾತನ್ನು ನಾನು ಎಷ್ಟೋ ಕಡೆ ಕೇಳಿದ್ದೆ, ಭಾಷಣಗಳಲ್ಲಿ, ಪುರವಣಿಗಳಲ್ಲಿ. ನಮ್ಮ ಆಯಿಯ, ಅಂದರೆ ಅಜ್ಜಿಯ, ದೇವರ ಕೋಣೆಯಲ್ಲಿದ್ದ ರವಿವರ್ಮನ ಲಕ್ಷ್ಮಿಯನ್ನು ನೋಡುತ್ತಲೇ ಬೆಳೆದವಳು ನಾನು. ಅದು ಸುಳ್ಳಿರಬಹುದು ಅನ್ನುವ ಯೋಚನೆ ಒಂದು ಸಲವೂ ಬಂದಿರಲಿಲ್ಲ.

ನಾನು ಕೊಪ್ಪಳದಲ್ಲಿ ಹೈಸ್ಕೂಲ್ ಕನ್ನಡ ಟೀಚರ್. ಕನ್ನಡ ವಿಕಿಪೀಡಿಯ 2003ರಲ್ಲೇ ಶುರುವಾದದ್ದು. ನಾನು ಅಲ್ಲಿಗೆ ಹೋದದ್ದು ತೀರ ಈಚೆಗೆ. ಮಕ್ಕಳು ಪ್ರಾಜೆಕ್ಟ್ ಅಂತ ಅಲ್ಲಿಂದಲೇ ಬರೆದುಕೊಂಡು ಬರುತ್ತಾರೆ. ಬರೆದುಕೊಳ್ಳುವುದಾದರೆ ಸರಿಯಾದದ್ದೇ ಇರಲಿ ಅಂತ ನಾನೂ ಒಂದೊಂದೇ ಸಾಲು ತಿದ್ದತೊಡಗಿದೆ. ಆಮೇಲೆ ಒಂದು ಬೇಸಿಗೆ ರಜೆಯಲ್ಲಿ ರವಿವರ್ಮನ ಜೀವನವನ್ನು ಪೂರ್ತಿ ಬರೆಯಲು ಕೂತೆ. ಕರಡು ಮುಗಿದ ಮೇಲೆ ಅರಳಿ ಕಟ್ಟೆಯಲ್ಲಿ ಒಂದು ಮಾತು ಹಾಕಿದೆ: “ಇದನ್ನು ಯಾರಾದರೂ ಒಮ್ಮೆ ಕಣ್ಣಾಡಿಸಿ ತಪ್ಪು ತೋರಿಸಿಕೊಡಿ.” ಬರಹಗಾರರೆಲ್ಲ ಸೇರಿ ಮಾತಾಡುವ ಪುಟಕ್ಕೆ ಅಲ್ಲಿ ಇಟ್ಟಿರುವ ಹೆಸರು ಅರಳಿ ಕಟ್ಟೆ. ಯಾರು ಆ ಹೆಸರು ಕೊಟ್ಟರೋ, ಅವರಿಗೆ ನಮ್ಮ ಊರುಗಳು ಚೆನ್ನಾಗಿ ಗೊತ್ತಿದ್ದವು.

ಹತ್ತು ದಿನ ಯಾರೂ ಬರಲಿಲ್ಲ. ಹನ್ನೊಂದನೇ ದಿನ ಒಬ್ಬರು ಬಂದರು. ಅವರ ನಿಜವಾದ ಹೆಸರು ನನಗೆ ಇವತ್ತಿಗೂ ತಿಳಿದಿಲ್ಲ, ಊರೂ ತಿಳಿದಿಲ್ಲ. ಗಂಡಸೋ ಹೆಂಗಸೋ ಅದೂ ಗೊತ್ತಿಲ್ಲ. ಲೇಖನದ ಚರ್ಚೆ ಪುಟದಲ್ಲಿ ಮೂವತ್ತೆಂಟು ಟಿಪ್ಪಣಿ ಬರೆದಿದ್ದರು. ಮೊದಲನೆಯ ಸಾಲು: “ಪ್ರೀತಿಯಿಂದ ಬರೆದಿದ್ದೀರಿ. ಅದಕ್ಕೇ ಜಾಸ್ತಿ ಹೊತ್ತು ಕೂತು ಓದಿದೆ.”

ಕಲಿತರೋ, ನೋಡಿದರೋ

ಮೂವತ್ತೆಂಟರಲ್ಲಿ ಅರ್ಧದಷ್ಟು ವಿಶೇಷಣಗಳ ಬಗ್ಗೆಯೇ ಇದ್ದವು. ‘ಮಹಾನ್’ ಅನ್ನುವ ಪದ ಆರು ಸಲ ಬಂದಿದೆ, ‘ಅದ್ವಿತೀಯ’ ಮೂರು ಸಲ. ಇವನ್ನು ತೆಗೆದು ಓದಿ ನೋಡಿ, ಏನೂ ಕಡಿಮೆ ಆಗುವುದಿಲ್ಲ ಅಂದಿದ್ದರು. ತೆಗೆದೆ. ನಿಜಕ್ಕೂ ಏನೂ ಕಡಿಮೆ ಆಗಲಿಲ್ಲ. ರವಿವರ್ಮನ ಪ್ರೇಮದ ಬಗ್ಗೆ ನಾನು ಬರೆದಿದ್ದ ಒಂದಿಡೀ ಪ್ಯಾರಾ ಸಿನಿಮಾ, ಕಾದಂಬರಿಗಳಿಂದ ಬಂದದ್ದು ಅಂತ ತೋರಿಸಿದರು. ಅದನ್ನೂ ತೆಗೆದೆ.

ಆದರೆ ಕೆಲವು ಟಿಪ್ಪಣಿಗಳು ಅಷ್ಟು ಸುಲಭಕ್ಕೆ ಮುಗಿಯಲಿಲ್ಲ. ನಾನು ಬರೆದಿದ್ದೆ, “ಥಿಯೋಡೋರ್ ಜೆನ್ಸನ್ ಅವರ ಬಳಿ ರವಿವರ್ಮ ತೈಲವರ್ಣ ಕಲಿತರು.” ಕೆಳಗೆ ಪ್ರಶ್ನೆ: “ಕಲಿತರೋ, ನೋಡಿದರೋ?” ಇದೇನು ಪ್ರಶ್ನೆ ಅಂತ ಮೊದಲು ಬೇಜಾರಾಯಿತು. ಆಮೇಲೆ ಪುಸ್ತಕ ತೆಗೆದು ಮತ್ತೆ ಓದಿದೆ. ಜೆನ್ಸನ್ ತಿರುವಾಂಕೂರಿನ ಅರಮನೆಗೆ ಬಂದದ್ದು 1868ರಲ್ಲಿ. ಮಹಾರಾಜ ಆಯಿಲ್ಯಂ ತಿರುನಾಳ್ ಮತ್ತು ರಾಣಿಯವರ ಚಿತ್ರ ಬರೆಯುವುದಕ್ಕೆ. ರವಿವರ್ಮನಿಗೆ ಆಗ ಇಪ್ಪತ್ತು ವರ್ಷ. ತೈಲವರ್ಣ ಹೇಗೆ ಕೂಡಿಸುತ್ತಾರೆ, ಹೇಗೆ ಹಚ್ಚುತ್ತಾರೆ ಅನ್ನುವುದನ್ನು ಹೇಳಿಕೊಡಲು ಜೆನ್ಸನ್‌ಗೆ ಮನಸ್ಸಿರಲಿಲ್ಲ. ಬರೆಯುವಾಗ ನಿಂತು ನೋಡಲು ಬಿಟ್ಟರು, ಅದೂ ಒಲ್ಲದ ಮನಸ್ಸಿನಿಂದ. ಹುಡುಗ ಸುಮ್ನೆ ನಿಂತು ನೋಡಿದ. ಆಮೇಲೆ ತಾನೇ ಮಾಡಿ, ಕೆಡಿಸಿ, ಮತ್ತೆ ಮಾಡಿ ಕೈ ಪಳಗಿಸಿಕೊಂಡ. ‘ಕಲಿತರು’ ಅಂತ ಬರೆದರೆ ಗುರು ಕಲಿಸಿದ, ಶಿಷ್ಯ ಕಲಿತ ಅಂತ ಆಗುತ್ತದೆ. ಬಾಗಿಲ ಹತ್ತಿರ ನಿಂತ ಆ ಇಪ್ಪತ್ತರ ಹುಡುಗ ಪುಟದಿಂದಲೇ ಮಾಯವಾಗುತ್ತಾನೆ. ಒಂದು ಕ್ರಿಯಾಪದದಲ್ಲಿ ಇಷ್ಟು ಇದೆ ಅಂತ ಇಪ್ಪತ್ತೆರಡು ವರ್ಷ ವ್ಯಾಕರಣ ಕಲಿಸಿದ ನನಗೆ ಹೊಳೆದಿರಲಿಲ್ಲ. ಆ ಸಾಲನ್ನು ಬದಲಾಯಿಸಿದೆ.

ಇನ್ನೊಂದು, ‘ರಾಜ’. “ರಾಜಾ ರವಿವರ್ಮ ಕೇರಳದ ಒಂದು ಸಣ್ಣ ರಾಜ್ಯದ ದೊರೆಯಾಗಿದ್ದರು” ಅಂತ ಎಲ್ಲೋ ಓದಿದ್ದನ್ನು ಹಾಗೇ ಹಾಕಿದ್ದೆ. ಅವರು ಯಾವ ರಾಜ್ಯವನ್ನೂ ಆಳಿದವರಲ್ಲ. ಹುಟ್ಟಿದ್ದು ಕಿಳಿಮಾನೂರಿನಲ್ಲಿ, 1848ರ ಏಪ್ರಿಲ್ 29ರಂದು. ಆ ಮನೆತನಕ್ಕೆ ತಿರುವಾಂಕೂರಿನ ಅರಮನೆಯ ಜೊತೆ ಮದುವೆಯ ನಂಟು ಇತ್ತು, ಅಷ್ಟೇ. ‘ರಾಜಾ ರವಿವರ್ಮ’ ಅನ್ನುವ ಹೆಸರು ಕಾಣಿಸಿಕೊಂಡದ್ದು 1904ರಲ್ಲಿ, ಬ್ರಿಟಿಷ್ ಸರಕಾರ ಕೈಸರ್-ಇ-ಹಿಂದ್ ಚಿನ್ನದ ಪದಕ ಕೊಟ್ಟಾಗ. ಅವರು ತೀರಿಕೊಂಡದ್ದು 1906ರ ಅಕ್ಟೋಬರ್ 2ರಂದು. ಅಂದರೆ ನಾವೆಲ್ಲ ಕರೆಯುವ ಆ ಹೆಸರಿನಲ್ಲಿ ಅವರು ಬದುಕಿದ್ದು ಎರಡೇ ವರ್ಷ. ಇದು ತಿಳಿದಾಗ ಯಾಕೋ ಮನಸ್ಸಿಗೆ ತಟ್ಟಿತು.

ಷಿಕಾಗೋದ ಪದಕಗಳ ಸಂಗತಿಯೂ ಹೀಗೇ. 1893ರ ವಿಶ್ವ ಪ್ರದರ್ಶನಕ್ಕೆ ಅವರ ಚಿತ್ರಗಳು ಹೋದವು, ಪದಕ ಬಂತು. ಎಷ್ಟು? ಒಂದು ಕಡೆ ಎರಡು ಅಂತಿದೆ, ಇನ್ನೊಂದು ಕಡೆ ಮೂರು. ನಾನು ಮೂರು ಅಂತ ಬರೆದಿದ್ದೆ, ಜಾಸ್ತಿ ಇದ್ದರೆ ಚೆಂದ ಅಲ್ವಾ ಅಂತ. ಪರಿಶೀಲಿಸಿದವರು ಹೇಳಿದ ಮಾತು ಸರಳ: ಎರಡೂ ಇದೆ ಅಂತ ಬರೆಯಿರಿ, ಯಾವುದು ಯಾರ ಮಾತು ಅಂತ ಹೇಳಿ. ಒಂದು ಪದಕ ಕಡಿಮೆಯಾದರೆ ರವಿವರ್ಮನಿಗೆ ಏನೂ ಆಗುವುದಿಲ್ಲ.

ಬೈದವರ ಮಾತು ನನ್ನ ಲೇಖನದಲ್ಲಿ ಇರಲೇ ಇಲ್ಲ. ಅದನ್ನೂ ಕೇಳಿದರು. ಕಲಾ ವಿಮರ್ಶಕ ಆನಂದ ಕುಮಾರಸ್ವಾಮಿಯವರು, ವಿವೇಕಾನಂದರ ಶಿಷ್ಯೆ ಸೋದರಿ ನಿವೇದಿತಾ, ಚಿತ್ರಕಾರ ಅಬನೀಂದ್ರನಾಥ ಠಾಕೂರರ ಬಂಗಾಳದ ಬಳಗ, ಇವರಿಗೆಲ್ಲ ರವಿವರ್ಮನ ಕಲೆ ಒಪ್ಪಿಗೆಯಾಗಿರಲಿಲ್ಲ. ಯುರೋಪಿನ ರೀತಿ, ನಾಟಕದ ವೇಷ ಹಾಕಿದ ದೇವರು ಅನ್ನುವುದು ಅವರ ದೂರು. ನಮ್ಮ ಮೈಸೂರಿನ ಚಿತ್ರಕಾರ ಕೆ. ವೆಂಕಟಪ್ಪನವರು ಕಲ್ಕತ್ತೆಗೆ ಹೋಗಿ ಕಲಿತದ್ದು ಇದೇ ಅಬನೀಂದ್ರನಾಥರ ಬಳಿ. ಹಾಗಾಗಿ ಈ ಜಗಳ ನಮ್ಮ ನಾಡಿನ ಕಲೆಯ ಕತೆಯೊಳಗೂ ಇದೆ. ಪ್ರೀತಿಸುವವರ ಬಗ್ಗೆ ಬರೆಯುವಾಗ ಬೈದವರನ್ನು ಹೊರಗಿಡುವುದು ಎಷ್ಟು ಸಹಜವಾಗಿ ಬಂದುಬಿಡುತ್ತದೆ! ನಾನು ಬೇಕಂತ ಬಿಟ್ಟಿರಲಿಲ್ಲ. ಬರೆಯುವಾಗ ಅವರು ನೆನಪಿಗೇ ಬರಲಿಲ್ಲ.

ಆಯಿಯ ಲಕ್ಷ್ಮಿ

ಲೇಖನಕ್ಕೆ ಒಂದು ಚಿತ್ರ ಬೇಕಿತ್ತು. ಹಕ್ಕಿನ ತೊಂದರೆ ಇರಲಿಲ್ಲ. ಕಲಾವಿದ ತೀರಿಕೊಂಡು ಅರವತ್ತು ವರ್ಷ ದಾಟಿದರೆ ನಮ್ಮ ದೇಶದಲ್ಲಿ ಚಿತ್ರ ಎಲ್ಲರದ್ದೂ ಆಗುತ್ತದೆ. ರವಿವರ್ಮ ಹೋಗಿ ನೂರು ವರ್ಷದ ಮೇಲಾಯಿತು. (ವೆಂಕಟಪ್ಪನವರು ಹೋದದ್ದು 1965ರಲ್ಲಿ. ಹಾಗಾಗಿ ಅವರ ಚಿತ್ರಗಳಿಗೆ 2025 ಮುಗಿಯುವವರೆಗೆ ಕಾಯಬೇಕಿತ್ತು.) ನಾನು ಕುಕನೂರಿನಲ್ಲಿರುವ ಆಯಿಯ ಮನೆಯ ಲಕ್ಷ್ಮಿಯ ಫೋಟೋ ತೆಗೆದು ಹಾಕಿದೆ. ಕೆಳಗೆ ಬರೆದೆ: “ರವಿವರ್ಮ ಬರೆದ ಲಕ್ಷ್ಮಿ, 1896.” ಬಂತು ಪ್ರಶ್ನೆ: “ಇದು ಅಚ್ಚು ತಾನೆ? ಯಾವ ಪ್ರೆಸ್ಸಿನದು? ಅಂಚಿನಲ್ಲಿ ಏನಾದರೂ ಅಕ್ಷರ ಇದೆಯಾ?”

ಅಂಚು ಕಾಣುತ್ತಿರಲಿಲ್ಲ. ಕಟ್ಟು ಹಾಕುವಾಗ ಮುಚ್ಚಿಹೋಗಿತ್ತು. ನಮ್ಮ ಕಡೆ ಇವನ್ನು ಯಾರೂ ಚಿತ್ರ ಅನ್ನುವುದಿಲ್ಲ, ‘ದೇವರ ಫೋಟೋ’ ಅನ್ನುತ್ತಾರೆ. ಗವಿಮಠದ ಜಾತ್ರೆಗೆ ಹೋದರೆ ಸಾಲು ಸಾಲು ಅಂಗಡಿಯಲ್ಲಿ ಈಗಲೂ ಫೋಟೋ ಅಂತಲೇ ಕೇಳುತ್ತಾರೆ, ಯಾರೋ ದೇವರ ಎದುರಿಗೆ ಕ್ಯಾಮೆರಾ ಹಿಡಿದು ತೆಗೆದಂತೆ. ಆಯಿಗೂ ಅದು ಫೋಟೋನೇ. ಆಯಿ ಹೋಗಿ ಹದಿನಾಲ್ಕು ವರ್ಷ. ಮಾಮ ಆ ಮನೆಯಲ್ಲಿದ್ದಾರೆ. ಕಟ್ಟು ಬಿಚ್ಚಿ ನೋಡಬೇಕು ಅಂದಾಗ ಮಾಮ ನನ್ನ ಮುಖ ನೋಡಿದರು.

“ದೇವರ ಫೋಟೋ ಬಿಚ್ಚತಾರೇನವ್ವಾ?”

“ಒಂದು ಸಾಲು ಓದಬೇಕು ಮಾಮ. ಓದಿ ಮತ್ತ ಹಂಗ ಕೂಡಿಸಿಕೊಡತೀನಿ.”

ಶುಕ್ರವಾರ ಬೇಡ ಅಂದರು. ಭಾನುವಾರ ಬೆಳಿಗ್ಗೆ ಜಳಕ ಮಾಡಿ, ಪೂಜೆ ಮುಗಿಸಿ, ಕಂಬಳಿ ಹಾಸಿ ಲಕ್ಷ್ಮಿಯನ್ನು ಬೋರಲು ಮಲಗಿಸಿದರು. ಹಿಂದಿನ ಹಲಗೆಯ ಮೊಳೆಗಳು ತುಕ್ಕು ಹಿಡಿದು ಮುಟ್ಟಿದರೆ ಪುಡಿಯಾಗುತ್ತಿದ್ದವು. ಮಾಮ ಒಂದೊಂದನ್ನೇ ಇಕ್ಕಳದಿಂದ ಎಳೆದು ಬಟ್ಟಲಿಗೆ ಹಾಕಿದರು. ಹಲಗೆ ಎತ್ತಿದಾಗ ಒಳಗಿಂದ ಕುಂಕುಮ, ಕರ್ಪೂರದ ವಾಸನೆ ಬಂತು. ಗಾಜಿನೊಳಗೆ ಕುಂಕುಮ ಹೇಗೆ ಹೋಯಿತೋ! ಹಾಳೆಯ ಅಂಚಿನಲ್ಲಿ ಹುಳ ತಿಂದ ಗೆರೆಗಳಿದ್ದವು.

ಅದನ್ನು ತಿರುಗಿಸಿ ಬೆಳಕಿಗೆ ಹಿಡಿದಾಗಲೇ ನಾನು ಆ ಲಕ್ಷ್ಮಿಯನ್ನು ಮೊದಲ ಸಲ ನೋಡಿದ್ದು ಅನ್ನಬೇಕು. ಕಮಲದ ಮೇಲೆ ನಿಂತಿದ್ದಾಳೆ, ನಾಲ್ಕು ಕೈ, ಮೇಲಿನ ಎರಡರಲ್ಲಿ ಕಮಲ. ಪಕ್ಕದಲ್ಲಿ ಆನೆ. ಇವೆಲ್ಲ ಗೊತ್ತಿದ್ದದ್ದೇ. ಗೊತ್ತಿಲ್ಲದ್ದು ಸೀರೆಯ ಮೇಲಿನ ಚಮಕಿ. ಅದನ್ನು ಆಯಿ ತಾನೇ ಅಂಟಿಸಿದ್ದಳಂತೆ, ಮಾಮ ಹೇಳಿದರು. ಮದುವೆಯಾಗಿ ಬಂದ ಹೊಸದರಲ್ಲಿ, ಗಂಜಿ ಹಚ್ಚಿ, ಸೂಜಿಯ ಮೊನೆಯಿಂದ ಒಂದೊಂದೇ ಎತ್ತಿಟ್ಟು. ಸೆರಗಿನ ಹತ್ತಿರ ಒಂದು ಚಮಕಿ ಕೈಗೆ ಬಂತು. ಅದರ ಕೆಳಗೆ ಜೋಳದ ಕಾಳಿನಷ್ಟು ಜಾಗದಲ್ಲಿ ಸೀರೆಯ ಕೆಂಪು ಹಾಗೇ ಇತ್ತು. ಈಗಷ್ಟೇ ಹಚ್ಚಿದಂತೆ. ಸುತ್ತಲಿನ ಸೀರೆಯೆಲ್ಲ ಇಟ್ಟಿಗೆ ಬಣ್ಣಕ್ಕೆ ತಿರುಗಿತ್ತು. ನಾವು ಇಷ್ಟು ವರ್ಷ ನೋಡಿದ್ದು ಹೊಗೆ ಮತ್ತು ಬಿಸಿಲು ತಿಂದು ಉಳಿದ ಲಕ್ಷ್ಮಿಯನ್ನು. ಆಯಿ ನೋಡಿದ್ದು ಬೇರೆಯೇ ಲಕ್ಷ್ಮಿಯನ್ನು.

ಕೆಳಗಿನ ಅಂಚಿನಲ್ಲಿ ಸಣ್ಣ ಇಂಗ್ಲಿಷ್ ಅಕ್ಷರ: ರವಿವರ್ಮ ಪ್ರೆಸ್, ಕಾರ್ಲಾ, ಲೋಣಾವಳಾ. ಅಷ್ಟೇ. ವರ್ಷ ಇರಲಿಲ್ಲ.

ಆ ಒಂದು ಸಾಲು ನನ್ನ ಅಡಿಬರಹವನ್ನು ಪೂರ್ತಿ ತಲೆಕೆಳಗು ಮಾಡಿತು. ಪ್ರೆಸ್ ಶುರುವಾದದ್ದು 1894ರಲ್ಲಿ ಬೊಂಬಾಯಿಯಲ್ಲಿ. ಆಮೇಲೆ ಲೋಣಾವಳಾ ಹತ್ತಿರ, ಕಾರ್ಲಾ ಪಕ್ಕದ ಮಳವಲಿಗೆ ಹೋಯಿತು. ಅಂದರೆ ಈ ಹಾಳೆ ಅಲ್ಲಿಗೆ ಹೋದ ಮೇಲಿನದು. ಸಾಲ ಹೆಚ್ಚಾಗಿ ಪ್ರೆಸ್ಸು ಜರ್ಮನಿಯ ಫ್ರಿಟ್ಸ್ ಶ್ಲೈಷರ್ ಎಂಬವರ ಕೈಗೆ ಹೋಯಿತು. ರವಿವರ್ಮ ತೀರಿಕೊಂಡ ಮೇಲೂ ಎಷ್ಟೋ ವರ್ಷ ಅದೇ ಹೆಸರಿನಲ್ಲಿ ಅಚ್ಚು ಬರುತ್ತಲೇ ಇದ್ದವು. ಅಚ್ಚು ಮಾಡುವುದಾದರೂ ಹೇಗೆ? ಮೂಲ ಚಿತ್ರವನ್ನು ನೋಡಿಕೊಂಡು ಕೆಲಸಗಾರರು ಕಲ್ಲಿನ ಮೇಲೆ ತಿರುವುಮುರುವಾಗಿ ಬರೆಯಬೇಕು. ಒಂದೊಂದು ಬಣ್ಣಕ್ಕೆ ಒಂದೊಂದು ಕಲ್ಲು. ಕೆಂಪಿಗೆ ಒಂದು, ಹಳದಿಗೆ ಒಂದು, ಮೈಬಣ್ಣಕ್ಕೇ ಎರಡು ಮೂರು. ಒಂದರ ಮೇಲೊಂದು ಒತ್ತಿದಾಗ ಕೂದಲೆಳೆಯಷ್ಟೂ ಸರಿಯಬಾರದು. ಆಯಿಯ ಲಕ್ಷ್ಮಿಯ ಮೇಲೆ ಎಷ್ಟು ಜನರ ಕೈ ಬಿದ್ದಿದೆ! ರವಿವರ್ಮನದು ಮೊದಲನೆಯದು. ನಮ್ಮ ಆಯಿಯದು ಕೊನೆಯದು. ನಡುವೆ ಇದ್ದವರ ಹೆಸರು ಆ ಅಂಚಿನಲ್ಲಿ ಇಲ್ಲ.

ಅಡಿಬರಹ ಈಗ ಹೀಗಿದೆ: “ರವಿವರ್ಮ ಪ್ರೆಸ್ಸಿನ ಲಕ್ಷ್ಮಿಯ ಕಲ್ಲಚ್ಚು, ಕೊಪ್ಪಳ ಜಿಲ್ಲೆಯ ಒಂದು ಮನೆಯಿಂದ. ಸೀರೆಯ ಚಮಕಿ ಆಮೇಲೆ ಅಂಟಿಸಿದ್ದು.” ಮೊದಲಿಗಿಂತ ಉದ್ದ. ಆದರೆ ಇದರಲ್ಲಿ ಆಯಿಗೂ ಜಾಗ ಸಿಕ್ಕಿತು.

ಕಿನ್ನಾಳದಲ್ಲಿ

ಇನ್ನು ಆ ಎರಡು ಪದ. “ಯಾರು ಹೇಳಿದ್ದು?”

ಹೇಳಿದವರನ್ನು ಹುಡುಕಿದೆ. ಬಹಳ ಜನ ಹೇಳಿದ್ದಾರೆ, ಒಬ್ಬರೂ ತೋರಿಸಿಲ್ಲ. ಬದಲಿಗೆ ಬೇರೆಯದೇ ಸಿಗತೊಡಗಿತು. ಪುಣೆಯ ಚಿತ್ರಶಾಲಾ ಪ್ರೆಸ್ 1878ರಲ್ಲೇ ಶುರುವಾಗಿ ದೇವರ ಅಚ್ಚುಗಳನ್ನು ಮಾರುತ್ತಿತ್ತು. ಅದೇ ವರ್ಷ ಕಲ್ಕತ್ತೆಯಲ್ಲಿ ಕಲ್ಕತ್ತಾ ಆರ್ಟ್ ಸ್ಟುಡಿಯೋ ಶುರುವಾಯಿತು. ಅಲ್ಲಿಯೂ ಇದೇ ಕೆಲಸ. ರವಿವರ್ಮನ ಪ್ರೆಸ್ಸಿಗಿಂತ ಹದಿನಾರು ವರ್ಷ ಮೊದಲು. ಅದಕ್ಕೂ ಹಿಂದೆ ಕಾಳಿಘಾಟ್ ಗುಡಿಯ ಸುತ್ತ ಕೈಯಲ್ಲಿ ಬರೆದ ಪಟಗಳನ್ನು ಯಾತ್ರೆಗೆ ಬಂದ ಬಡವರು ಕೊಂಡು ಮನೆಗೆ ಒಯ್ಯುತ್ತಿದ್ದರು. ‘ಮೊದಲ ಬಾರಿಗೆ’ ಅನ್ನುವ ಮಾತು ಅಲ್ಲಿಗೇ ಬಿತ್ತು. ಆದರೂ ನನ್ನ ಮನಸ್ಸು ಒಪ್ಪಲಿಲ್ಲ. ಪುಣೆ, ಕಲ್ಕತ್ತೆ ದೊಡ್ಡ ಊರು. ನಮ್ಮ ಕಡೆಯ ಹಳ್ಳಿಗಳಲ್ಲಿ ಇದ್ದಿರಲಿಕ್ಕಿಲ್ಲ ಅಂತ ಹಟ.

ಆ ಹಟದಲ್ಲೇ ಒಂದು ದಿನ ಕಿನ್ನಾಳಕ್ಕೆ ಹೋದೆ. ಕೊಪ್ಪಳದಿಂದ ಹತ್ತು ಹನ್ನೆರಡು ಕಿಲೋಮೀಟರ್. ನಿಜ ಹೇಳಬೇಕೆಂದರೆ ಹೋದದ್ದು ಶಾಲೆಯ ಪ್ರದರ್ಶನಕ್ಕೆ ಗೊಂಬೆ ತರಲು. ಮರದ ಗೊಂಬೆ ಮಾಡುವ ಚಿತ್ರಗಾರರ ಓಣಿಯಲ್ಲಿ ನಮಗೆ ಪರಿಚಯದ ಒಬ್ಬ ಅಜ್ಜ ಇದ್ದಾರೆ. ಅವರ ಹೆಸರನ್ನು ಇಲ್ಲಿ ಬರೆಯುವುದಿಲ್ಲ, ಅವರು ಬೇಡ ಅಂದಿದ್ದಾರೆ. ಹಗುರಾದ ಪೊಲ್ಕಿ ಮರದಲ್ಲಿ ಗೌರಿಯನ್ನು ಕೆತ್ತಿ ಮುಗಿಸಿದ್ದರು. ಕೀಲು ಕೂಡಿದ ಜಾಗಕ್ಕೆಲ್ಲ ಬಟ್ಟೆಯ ಚೂರನ್ನು ಹುಣಸೆ ಬೀಜದ ಅಂಟಿನಿಂದ ಅಂಟಿಸಿದ್ದರು. ಅಂಟು ಇನ್ನೂ ಹಸಿ ಇತ್ತು. ಹುಳಿ ಹುಳಿ ವಾಸನೆ. ಒಡವೆ ಉಬ್ಬಿ ಕಾಣಲಿ ಅಂತ ಕಲ್ಲಿನ ಪುಡಿಯ ಅಂಟನ್ನು ಕುಂಚದ ತುದಿಯಿಂದ ಹನಿ ಹನಿ ಇಡುತ್ತ ಹೋಗುತ್ತಿದ್ದರು. ಸರಕ್ಕೆ ಮಣಿ ಪೋಣಿಸಿದ ಹಾಗೆ.

ನನ್ನ ಚೀಲದಲ್ಲಿ ಲೇಖನದ ಪ್ರಿಂಟ್ ಇತ್ತು. ಏನದು ಅಂತ ಕೇಳಿದರು. ರವಿವರ್ಮನ ಬಗ್ಗೆ ಅಂದೆ. ಓದ್ರಿ ಕೇಳೋಣ ಅಂದರು. ಕೆಲಸ ನಿಲ್ಲಿಸದೆ ಕೇಳಿದರು. ಜೆನ್ಸನ್ ಕತೆ ಬಂದಾಗ “ಹಂಗ ಇರತೈತ್ರಿ” ಅಂದು ನಕ್ಕರು. ಆಮೇಲೆ ಆ ವಾಕ್ಯ ಬಂತು. ಬಡವರ ಮನೆಯಲ್ಲಿ ದೇವರ ರೂಪವೇ ಇರಲಿಲ್ಲ ಅಂತ. ಕುಂಚ ನಿಂತಿತು.

“ಇದನ್ನ ಯಾರ್ ಹೇಳ್ಯಾರ್ರಿ ಅಕ್ಕೋರ?”

ಅದೇ ಪ್ರಶ್ನೆ. ಎಲ್ಲಿಯೋ ಕೂತ, ಹೆಸರು ಗೊತ್ತಿಲ್ಲದವರು ಕೇಳಿದ್ದು. ಈಗ ಎದುರಿಗೆ ಕೂತವರು ಕೇಳಿದರು. ನಾನು ಉತ್ತರ ಕೊಡಲಿಲ್ಲ.

“ನಮ್ಮ ಮುತ್ಯಾ ಮಾಡಿದ ಗೌರಿ ಸುತ್ತ ಹತ್ತ ಹಳ್ಳ್ಯಾಗ ಅದಾವ್ರಿ. ಅವರ ಅಪ್ಪ ಮಾಡಿದ್ದೂ ಅದಾವು. ಜೋಳ ಕೊಟ್ಟು ಒಯ್ದಾರ. ರೊಕ್ಕ ಎಲ್ಲಿದ್ದು ಆಗ? ಗೌರಿ ಹುಣ್ಣಿಮಿಗೆ ಸಕ್ಕರಿ ಆರತಿ ಬೆಳಗೂದು ಯಾರಿಗ್ರಿ? ನಿಮ್ಮ ಮನ್ಯಾಗ ಇರಲಿಲ್ಲೇನು?”

ಇತ್ತು. ಆಯಿಯ ಮನೆಯಲ್ಲೇ ಇತ್ತು. ಅಟ್ಟದ ಮೇಲೆ ಕೆಂಪು ಬಟ್ಟೆಯಲ್ಲಿ ಸುತ್ತಿಟ್ಟ ಕಟ್ಟಿಗೆಯ ಗೌರಿ. ವರ್ಷಕ್ಕೊಮ್ಮೆ ಇಳಿಯುತ್ತಿದ್ದಳು. ಐದು ದಿನ ಕೂತು ಮತ್ತೆ ಅಟ್ಟ ಸೇರುತ್ತಿದ್ದಳು. ಸಕ್ಕರೆ ಗೊಂಬೆ ಹಿಡಿದು ಹೊಸ ಪರಕಾರ ಹಾಕಿಕೊಂಡು ನಾನೇ ಅವಳ ಮುಂದೆ ಆರತಿ ಹಿಡಿದಿದ್ದೇನೆ. ಬರೆಯುವಾಗ ಅವಳು ನೆನಪಾಗಲಿಲ್ಲ. ಗೋಡೆಯ ಮೇಲಿದ್ದ ಲಕ್ಷ್ಮಿ ವರ್ಷಪೂರ್ತಿ ಕಣ್ಣೆದುರು ಇದ್ದಳು, ಅವಳ ಬಗ್ಗೆ ಪುಸ್ತಕಗಳಿದ್ದವು. ಅಟ್ಟದ ಮೇಲಿದ್ದವಳ ಬಗ್ಗೆ ನಾನು ಒಂದು ಪುಟವನ್ನೂ ಓದಿರಲಿಲ್ಲ. ಹಾಗಾಗಿ ಅವಳು ಇರಲೇ ಇಲ್ಲ ಅಂತ ಬರೆದುಬಿಟ್ಟೆ.

ಬಾಯಿಮಾತು

ಮನೆಗೆ ಬಂದವಳೇ ಆ ವಾಕ್ಯ ಅಳಿಸಿದೆ. ಅದರ ಜಾಗದಲ್ಲಿ ಚಿತ್ರಶಾಲಾ, ಕಲ್ಕತ್ತಾ ಆರ್ಟ್ ಸ್ಟುಡಿಯೋ ಬಗ್ಗೆ ಬರೆದೆ. ಎರಡಕ್ಕೂ ಪುಸ್ತಕದ ಆಧಾರ ಇತ್ತು. ರವಿವರ್ಮನ ಅಚ್ಚುಗಳು ಇವೆಲ್ಲಕ್ಕಿಂತ ಜಾಸ್ತಿ ಹರಡಿದವು, ದೇವರ ಮುಖ ಹೀಗೇ ಇರಬೇಕು ಅನ್ನುವ ಒಂದು ಅಚ್ಚನ್ನು ನಮ್ಮ ಮನಸ್ಸಿನಲ್ಲಿ ಕೂರಿಸಿದವು. ಅಷ್ಟನ್ನು ಮಾತ್ರ ಉಳಿಸಿದೆ. ಅದು ಅವರಿಗೆ ಸಲ್ಲಬೇಕಾದದ್ದು. ಆಮೇಲೆ ಒಂದು ಸಾಲು ಕಿನ್ನಾಳದ ಗೌರಿಯ ಬಗ್ಗೆ ಸೇರಿಸಿದೆ.

ಪರಿಶೀಲಿಸುವವರು ಮತ್ತೆ ಬಂದು ಆ ಸಾಲಿಗೆ ‘ಉಲ್ಲೇಖ ಬೇಕು’ ಅಂತ ಗುರುತು ಹಾಕಿದರು. ನಾನು ಬರೆದೆ, ಅವರ ಬಾಯಿಂದಲೇ ಕೇಳಿದ್ದೇನೆ, ಕಣ್ಣಾರೆ ನೋಡಿದ್ದೇನೆ ಅಂತ. ಅವರು ತುಂಬಾ ಸಮಾಧಾನದಿಂದ ಉತ್ತರ ಕೊಟ್ಟರು. ನೀವು ಹೇಳುವುದು ನಿಜವೇ ಇರಬಹುದು. ಆದರೆ ನೀವು ನೋಡಿದ್ದನ್ನು ಓದುವವರು ಹೇಗೆ ಒರೆಗೆ ಹಚ್ಚಿ ನೋಡುತ್ತಾರೆ? ಬೇರೆ ಎಲ್ಲಾದರೂ ಅಚ್ಚಾಗಿ ಬಂದಿದ್ದರೆ ಕೊಡಿ.

ಇಲ್ಲಿ ನನಗೆ ನಿಜಕ್ಕೂ ಸಂಕಟವಾಯಿತು. ನಿಯಮ ತಪ್ಪು ಅಂತ ಹೇಳುವಂತಿಲ್ಲ. ಅದೇ ನಿಯಮ ನನ್ನ ಸುಳ್ಳು ವಾಕ್ಯವನ್ನು ತೆಗೆಸಿದ್ದು. ಸ್ವಂತ ಕಂಡದ್ದನ್ನೆಲ್ಲ ಬರೆಯಬಹುದು ಅಂತ ಬಿಟ್ಟರೆ ನಾಳೆ ಯಾರು ಬೇಕಾದರೂ ಬಂದು ತಮ್ಮ ಮುತ್ತಜ್ಜನೇ ರವಿವರ್ಮನಿಗೆ ಚಿತ್ರ ಕಲಿಸಿದ್ದು ಅಂತ ಬರೆದಾರು. ಆದರೆ ಒಂದು ವಿಷಯ ನೋಡಿ. ಸುಳ್ಳಾಗಿದ್ದ ನನ್ನ ಹಳೆಯ ಮಾತಿಗೆ ಅಚ್ಚಾದ ಆಧಾರ ಹುಡುಕಿದ್ದರೆ ಸಿಗುತ್ತಿತ್ತು, ಯಾವುದಾದರೂ ಪುರವಣಿಯಲ್ಲಿ. ಎದುರಿಗೆ ಹಸಿ ಅಂಟಿನ ವಾಸನೆ ಬರುತ್ತಿದ್ದ ಗೌರಿಗೆ ಸಿಗಲಿಲ್ಲ. ರವಿವರ್ಮನ ತಮ್ಮ ರಾಜರಾಜವರ್ಮ ದಿನಚರಿ ಬರೆದಿಡುತ್ತಿದ್ದರು. ಹಾಗಾಗಿ ಅಣ್ಣ ಯಾವ ಊರಿನಲ್ಲಿ ಯಾರ ಮನೆಯಲ್ಲಿ ಇಳಿದುಕೊಂಡಿದ್ದ ಅನ್ನುವುದು ಕೂಡ ನಮಗೆ ಸಿಗುತ್ತದೆ. ಹಂಪಿಯ ವಿರೂಪಾಕ್ಷನ ರಂಗಮಂಟಪದಲ್ಲಿ ತಲೆ ಎತ್ತಿ ನೋಡಿದರೆ ವಿದ್ಯಾರಣ್ಯರ ಪಲ್ಲಕ್ಕಿಯ ಮೆರವಣಿಗೆ ಇದೆ. ಆನೆ, ಕುದುರೆ, ಒಂಟೆ. ಬರೆದವರ ಹೆಸರು ಎಲ್ಲೂ ಇಲ್ಲ. ಕಿನ್ನಾಳದವರು ಅದು ನಮ್ಮ ಹಿರಿಯರ ಕೈಕೆಲಸ ಅನ್ನುತ್ತಾರೆ. ಆ ಮಾತನ್ನು ‘ಅನ್ನುತ್ತಾರೆ’ ಅಂತ ಬರೆಯಬಹುದು, ಅದಕ್ಕಿಂತ ಹೆಚ್ಚು ಬರೆಯುವಂತಿಲ್ಲ. ಅವರ ತಮ್ಮಂದಿರು ಯಾರೂ ದಿನಚರಿ ಬರೆಯಲಿಲ್ಲ.

ಈ ಕಷ್ಟ ನನ್ನೊಬ್ಬಳದ್ದೇ ಅಲ್ಲ ಅಂತ ಆಮೇಲೆ ತಿಳಿಯಿತು. 2011ರಲ್ಲಿ ಮಲಯಾಳ, ಹಿಂದಿ ಮತ್ತು ದಕ್ಷಿಣ ಆಫ್ರಿಕಾದ ಸೆಪೆಡಿ ಭಾಷೆಯ ವಿಕಿಪೀಡಿಯ ಬರಹಗಾರರು ಸೇರಿ ಒಂದು ಪ್ರಯತ್ನ ಮಾಡಿದ್ದರು. ಊರಿನವರ ಮಾತನ್ನು ಧ್ವನಿಮುದ್ರಿಸಿ ಅದನ್ನೇ ಆಧಾರವಾಗಿ ಕೊಡುವುದು. ಆಟ, ಅಡುಗೆ, ಆಚರಣೆ, ಹೀಗೆ ಪುಸ್ತಕಕ್ಕೆ ಬಾರದ ಸಂಗತಿಗಳಿಗಾಗಿ. ಅದು ಎಲ್ಲ ಕಡೆಯ ನಿಯಮವಾಗಿ ನಿಲ್ಲಲಿಲ್ಲ. ಆದರೂ ದಾರಿ ಒಂದಿದೆ ಅನ್ನುವುದು ನನಗೆ ಧೈರ್ಯ ಕೊಟ್ಟಿತು. ಮೊದಲು ಸರಿಯಾಗಿ ಕೇಳಬೇಕು. ತಾರೀಖು ಹಾಕಿ ಬರೆದುಕೊಳ್ಳಬೇಕು. ಹೇಳಿದವರಿಗೇ ಓದಿ ತೋರಿಸಬೇಕು. ಆಮೇಲೆ ಎಲ್ಲಿಯಾದರೂ ಅಚ್ಚಿಗೆ ಕೊಡಬೇಕು. ಅಲ್ಲಿಂದ ಮುಂದೆ ಯಾರಾದರೂ ಅದನ್ನು ಆಧಾರ ಅಂತ ತೋರಿಸಬಹುದು. ದಾರಿ ಉದ್ದ, ಆದರೆ ನಡೆಯುವುದಕ್ಕೆ ಆಗುವಂಥದ್ದು.

ಈಗ ತಿಂಗಳಿಗೆ ಎರಡು ಭಾನುವಾರ ಕಿನ್ನಾಳಕ್ಕೆ ಹೋಗುತ್ತೇನೆ. ಅಜ್ಜನೇ ಒಪ್ಪಿದ್ದಾರೆ, ಒಂದೇ ಕರಾರು: ಅವರು ಹೇಳಿ ಮುಗಿಸುವವರೆಗೆ ಹೆಸರು ಅಚ್ಚಿನಲ್ಲಿ ಎಲ್ಲೂ ಬರಬಾರದು. ನೂರು ಪುಟದ ನೋಟ್‌ಬುಕ್ ಅರ್ಧ ತುಂಬಿದೆ. ಯಾವ ಮರ, ಯಾವ ತಿಂಗಳಲ್ಲಿ ಕಡಿಯುವುದು. ಹುಣಸೆ ಬೀಜ ಎಷ್ಟು ದಿನ ನೆನೆಯಬೇಕು. ಯಾರ ಮನೆಗೆ ಯಾರು ಮಾಡಿದ ಗೌರಿ. ಅವರು ಗೊತ್ತಿಲ್ಲ ಅಂದದ್ದನ್ನೂ ಬರೆದುಕೊಳ್ಳುತ್ತೇನೆ. ಹೀಗೆ ಬರೆಯಲು ನನಗೆ ಕಲಿಸಿದ್ದು ಆ ಮೂವತ್ತೆಂಟು ಟಿಪ್ಪಣಿಗಳು.

ಹೋದ ಭಾನುವಾರ ಒಂದು ಗೌರಿ ಪೂರ್ತಿ ಆಗಿ ಕೂತಿದ್ದಳು. ಸೀರೆ, ಸರ, ಮೂಗುತಿ ಎಲ್ಲ ಆಗಿತ್ತು. ಕಣ್ಣಿನ ಜಾಗ ಮಾತ್ರ ಬೆಳ್ಳಗೆ ಖಾಲಿ. ಅಜ್ಜ ಜಳಕ ಮಾಡಿ ಬಂದು, ಕಿಟಕಿಯ ಬೆಳಕಿಗೆ ಅವಳನ್ನು ತಿರುಗಿಸಿಕೊಂಡು ಕೂತರು. ಅತಿ ಸಣ್ಣ ಕುಂಚ ತೆಗೆದುಕೊಂಡರು. ಮನೆಯಲ್ಲಿ ಯಾರೂ ಮಾತಾಡಲಿಲ್ಲ. ಮೊಮ್ಮಗ ಟಿವಿ ಆರಿಸಿದ. ಎಡಗಣ್ಣಿಗೆ ಒಂದು ಗೆರೆ, ಬಲಗಣ್ಣಿಗೆ ಒಂದು ಗೆರೆ, ಆಮೇಲೆ ಎರಡು ಕಪ್ಪು ಬೊಟ್ಟು. ಹತ್ತು ನಿಮಿಷವೂ ಹಿಡಿಯಲಿಲ್ಲ. ನಾನು ನೋಟ್‌ಬುಕ್ ತೆಗೆದು ತಾರೀಖು ಬರೆದೆ, ಹೊತ್ತು ಬರೆದೆ, ಅವರ ಹೆಸರು, ಅವರ ತಂದೆಯ ಹೆಸರು ಬರೆದೆ. ಅದರ ಕೆಳಗೆ “ಬೆಳಿಗ್ಗೆ ಗೌರಿಗೆ ಕಣ್ಣು ಬರೆದರು” ಅಂತ ಬರೆದು ಅವರಿಗೇ ಓದಿ ಹೇಳಿದೆ.

ಅಜ್ಜ ಕುಂಚ ತೊಳೆಯುತ್ತಿದ್ದವರು ತಲೆ ಎತ್ತಿದರು.

“ಬರದ್ರು ಅಂತ ಹಾಕಬ್ಯಾಡ್ರಿ ಅಕ್ಕೋರ. ತೆರದ್ರು ಅಂತ ಹಾಕ್ರಿ.”

ಹೊಡೆದು ತಿದ್ದಿದೆ.